ಲಿಕಿಸ್ಕನ ಮುಖವಾಡದೊಳಗೆ

ಅಥೆನ್ಸ್. ಚಳಿಗಾಲದ ನಾಟಕದ ಹಬ್ಬ, ಎರಡನೆಯ ರಾತ್ರಿ.

ಗೆದ್ದವನು ನಾನು, ಹೆಸರು ಪಡೆದವನು ಅವನು! ಊರೇ ಮೆಚ್ಚಿದ ಹಾಸ್ಯನಟ ಲಿಕಿಸ್ಕ ಜ್ವರದಿಂದ ಮಲಗಿದ್ದ. ಜನ ಬರುವುದೇ ಅವನಿಗಾಗಿ ಎಂದು ನಾಟಕ ಬರೆದ ಕವಿ, ಸಣ್ಣಪುಟ್ಟ ಪಾತ್ರದ ನಟನಾದ ನನ್ನಿಂದ ಯಾರಿಗೂ ಹೇಳುವುದಿಲ್ಲವೆಂದು ಡಯೋನಿಸಸ್ ದೇವರ ಮೇಲೆ ಆಣೆ ಮಾಡಿಸಿ, ಅವನು ಆಡಬೇಕಿದ್ದ ಗುಲಾಮನ ಪಾತ್ರವನ್ನು ಅವನದೇ ಮುಖವಾಡದಲ್ಲಿ, ಅವನದೇ ಕೀರಲು ದನಿಯಲ್ಲಿ ಆಡಿಸಿದ. ಹೊಡೆಯಬಂದ ಯಜಮಾನನನ್ನು ಏರಿದವರನ್ನು ಯಾರೂ ಮುಟ್ಟುವಂತಿಲ್ಲದ ಬಲಿಪೀಠದ ಮೇಲೆ ಕುಳಿತು ನಾನು ಅಣಕಿಸಿದಾಗ ಪ್ರೇಕ್ಷಕರು ಕೂತಿದ್ದ ಇಡೀ ಗುಡ್ಡ ಬಿದ್ದು ಬಿದ್ದು ನಕ್ಕಿತು. ಕೂಗಿದ್ದು ಮಾತ್ರ, "ಲಿಕಿಸ್ಕಾ! ಲಿಕಿಸ್ಕಾ!"

ಮನೆಗೆ ಬಂದರೆ, ನಾಟಕ ನೋಡಿ ಬಂದಿದ್ದ ಹೆಂಡತಿ ಮಿರ್ಟೊ ಇನ್ನೂ ಕಣ್ಣೊರೆಸಿಕೊಂಡು ನಗುತ್ತಿದ್ದಳು.

"ನೀವೂ ಇದೀರಿ, ಸುಮ್ನೆ ಅರಚ್ಕೊಂಡು. ಅವನನ್ನ ನೋಡಿ ಒಂಚೂರು ಕಲೀರಿ!"

"ಅಂಥಾದ್ದೇನೇ ಮಾಡ್ದ ಅವ್ನು?"

"ಹೋಗ್ರೀ, ನಿಮಗೆ ಹೊಟ್ಟೆಕಿಚ್ಚು!"

ಹೌದು, ಕಿಚ್ಚೇ! ಈಗ ನಿದ್ದೆಯಲ್ಲೂ ಅವನ ಹೆಸರು ಹೇಳಿ ನಗುತ್ತಿದ್ದಾಳೆ. ಮದುವೆಯಾದಾಗಿನಿಂದ ಇವಳನ್ನು ನಾನು ಇಷ್ಟು ನಗಿಸಿದ್ದು ಇದೇ ಮೊದಲು. ಎಬ್ಬಿಸಿ ಹೇಳಿಬಿಡಲೇ? ದೇವರ ಆಣೆ ಇದೆಯಲ್ಲ... ಆದರೂ ಒಂದು ಸಲ, ಕಿವಿಯಲ್ಲಿ, ಅದೇ ಕೀರಲು ದನಿಯಲ್ಲಿ...