ಬೇಲಿಯ ಮೇಲಿನ ಕೆಂಪು ಲಂಗ

ಸೇನಾ ಬಿಡಾರ, ಟಿಪ್ಪರರಿ, ಐರ್ಲೆಂಡ್
11 ಏಪ್ರಿಲ್ 1923

ಹನೋರಕ್ಕಾ,

ಹೇಗಿದ್ದೀಯ? ನೀನು ಜೈಲಿಗೆ ಹೋಗಿ ಏಳು ವಾರವಾಯಿತು, ಇದು ನನ್ನ ಮೊದಲ ಕಾಗದ. ಪುರುಸೊತ್ತಿರಲಿಲ್ಲ ಅಂತ ಬರೆದರೆ ನೀನು ನಗುತ್ತೀಯ. ಮೊದಲು ಕೋಪವಿತ್ತು, ಈಗ ನಾಚಿಕೆ.

ನನ್ನನ್ನು ಮೇಜರ್ ಜನರಲ್ ಮಾಡಿದ್ದಾರೆ, ಇಪ್ಪತ್ತೇಳನೇ ವಯಸ್ಸಿಗೆ! ಬ್ರಿಟಿಷರ ಕಾಲದಲ್ಲಿ ನಾನು ಅಡಗದ ಕೊಟ್ಟಿಗೆ ಈ ಸೀಮೆಯಲ್ಲಿಲ್ಲ. ಈಗ ಅದೇ ಕೊಟ್ಟಿಗೆಗಳಿಂದ, ಬ್ರಿಟಿಷರ ಜೊತೆಗಿನ ಒಪ್ಪಂದ ಒಪ್ಪದೆ ಬಂಡೆದ್ದ ಹಳೆಯ ಗೆಳೆಯರನ್ನು ಎಳೆದು ತರುತ್ತೇನೆ, ಡಬ್ಲಿನ್‌ನ ನಮ್ಮ ಹೊಸ ಸರ್ಕಾರದವರು ಬಡ್ತಿ ಕೊಡುತ್ತಾರೆ. ಸಾಕಾಗಿದೆ ಅಕ್ಕ. ಬೂಟು ಬಿಚ್ಚುವುದಕ್ಕೂ ಬೇಸರ.

ಆ ಭಾನುವಾರ ಅಮ್ಮನನ್ನು ನೋಡಲು ಬರುತ್ತಿದ್ದೆ. ದಿಬ್ಬದ ಮೇಲಿಂದಲೇ ಬೇಲಿಯ ಮೇಲೆ ನಿನ್ನ ಕೆಂಪು ಲಂಗ ಕಂಡಿತು. ಬ್ರಿಟಿಷ್ ಸಿಪಾಯಿಗಳು ಬಂದಾಗ, ಹತ್ತಿರ ಬರಬೇಡ ಎಂದು ನನಗೆ ಹೇಳಲು ನೀನು ಹರವುತ್ತಿದ್ದದ್ದು ಅದನ್ನೇ. ಈಗ ನಾನು ಬರುವುದನ್ನು ಡೆಕ್ಲನ್‌ನ ಬಂಡುಕೋರ ಗುಂಪಿಗೆ ತಿಳಿಸುತ್ತಿದ್ದೀಯ ಅಂದುಕೊಂಡೆ. ನೀನು ಮದುವೆಯಾಗಬೇಕಿದ್ದವನು ಅವನೇ ಅಲ್ಲವೇ?

“ಯಾಕೋ ಸರಿ ಕಾಣ್ತಿಲ್ಲ ಸಾಹೇಬ್ರೇ, ಸ್ವಲ್ಪ ತಡೀರಿ,” ಅಂದ ಡ್ರೈವರ್ ಮಾರ್ಟಿನ್.

“ನಮ್ಮನೆ ಲಂಗ ನಂಗೊತ್ತಿಲ್ವೇನೋ? ಅದನ್ನ ನೋಡಿ ಅವ್ರು ಆಗ್ಲೇ ಓಡಿಹೋಗಿರ್ತಾರೆ. ನಡಿ!”

ಕಿಟಕಿಯಿಂದ ಗುಂಡು ಹಾರಿತು. ಅಂಗಳದಲ್ಲೇ ಮಾರ್ಟಿನ್ ಮತ್ತು ನನ್ನ ಜೊತೆಗಿದ್ದ ಇನ್ನೂ ಮೂವರು ಸಿಪಾಯಿಗಳು ಸತ್ತರು. ಡೆಕ್ಲನ್‌ನ ಗುಂಪು ಹಿತ್ತಲಿಂದ ತಪ್ಪಿಸಿಕೊಂಡಿತು. ನನ್ನ ಅಕ್ಕ ಶತ್ರುಗಳಿಗೆ ಸನ್ನೆ ಕೊಟ್ಟಳೆಂದು ವರದಿ ಬರೆದೆ. ವಿಚಾರಣೆಯಲ್ಲಿ ನೀನು ಬಾಯಿ ಬಿಡಲಿಲ್ಲ. ನಾನೂ ಕೇಳಲಿಲ್ಲ.

ಕಂದು ಹಸು ಕರು ಹಾಕಿದೆ. ಅಮ್ಮ ಗಟ್ಟಿಯಾಗಿದ್ದಾಳೆ. ಹೊತ್ತಿಗೆ ಸರಿಯಾಗಿ ಊಟ ಮಾಡು, ಹಟ ಬೇಡ. ದೇವಮಾತೆ ನಿನ್ನನ್ನು ಕಾಯಲಿ.

ನಿನ್ನ ತಮ್ಮ,
ಫಿಂಟನ್

ತಾ.ಕ.: ಮೊನ್ನೆ ಡೆಕ್ಲನ್ ಗಾಯಗೊಂಡು ಸಿಕ್ಕಿಬಿದ್ದ. “ನಿನ್ನ ಹೊಡೆಯೋಕೇ ಮನೆಯೊಳಗೆ ಕಾಯ್ತಿದ್ವಿ ಕಣೋ. ಹಾಲು ಕರೀತೀನಿ ಅಂತ ಹೊರಗೆ ಹೋದೋಳು, ನಿನ್ನ ಉಳಿಸೋಕೆ ಲಂಗ ಹರವಿದ್ಲು. ನನ್ನ ಬಿಟ್ಟು ನಿನ್ನ ಆರಿಸ್ಕೊಂಡ್ಲು. ನೀನು ನೋಡಿದ್ರೆ ಅವಳನ್ನೇ ಜೈಲಿಗೆ ಹಾಕ್ಸಿದೀಯ,” ಅಂದ.

ವರದಿ ತಪ್ಪು, ಅಕ್ಕನನ್ನು ಬಿಡಿ ಎಂದು ಡಬ್ಲಿನ್‌ಗೆ ಬರೆದೆ, ಜೊತೆಗೆ ರಾಜೀನಾಮೆಯನ್ನೂ ಇಟ್ಟೆ. ಅಮ್ಮನಿಗೆ ಹೇಳೋಣವೆಂದು ನಿನ್ನೆ ಮನೆಗೆ ಹೋದರೆ, ಬೇಲಿಯ ಮೇಲೆ ಮತ್ತೆ ನಿನ್ನ ಲಂಗ. ಕಿಟಕಿಯಲ್ಲಿ ಅಮ್ಮ ಒಬ್ಬಳೇ ಕಂಡಳು.

“ಯಾರಿಗಮ್ಮ ಇದು?” ಅಂತ ಕೂಗಿ ಕೇಳಿದೆ.

“ಸಿಪಾಯಿ ಬಂದಿದಾನೆ ಅಂತ ಊರಿಗೆ ಗೊತ್ತಾಗ್ಲಿ,” ಅಂದಳು. ಬಾಗಿಲು ತೆಗೆಯಲಿಲ್ಲ.