ಸಣ್ಣಿಗೆ ಸಿಗದ ಇರುಳು

ಕಂಪ್ಲಿಸೂರು
ಸೂರುಶಕೆ ನೂರಾ ಹದಿನಾಲ್ಕು, ಹದಿಮೂರನೆಯ ತಿಂಗಳ ಮೂವತ್ತೈದನೆಯ ದಿನ, ನಡುಪಾಳಿ

ಮನೆಯಲ್ಲಿ ಆಮೆ ಸಾಕಿಕೊಂಡಿರುವ ಹಿರಿಯರಿಗೆ,

ಹಿರಿಯರೆಂದು ಕರೆದದ್ದಕ್ಕೆ ನಗಬೇಡಿ. ಈ ಕಾಗದ ಕೈಗೆ ಬಂದಾಗ ನೀವು ಶಾಲೆಗೆ ಹೋಗುವ ಮಗುವಾಗಿದ್ದರೂ ನನ್ನ ಲೆಕ್ಕದಲ್ಲಿ ಹಿರಿಯರೇ, ನಾನು ಹುಟ್ಟುವುದಕ್ಕೆ ಎಷ್ಟೋ ಕಾಲ ಮೊದಲೇ ತೀರಿಕೊಂಡವರು. ನನ್ನ ಕೆಲವು ಮಾತು ನಿಮ್ಮ ಕಿವಿಗೆ ಒರಟಾಗಿ, ಕೆಲವು ಅರ್ಥವೇ ಇಲ್ಲದಂತೆ ಕೇಳಿಸಬಹುದು. ಅದಕ್ಕೆ ಮೊದಲೇ ಕ್ಷಮೆ ಕೇಳುತ್ತೇನೆ. ಉಳಿದ ಯಾವುದಕ್ಕೂ ಕೇಳುವುದಿಲ್ಲ.

ನನ್ನ ಹೆಸರು ಪಂಪಾವತಿ. ಪಾಚಿಕಣದಲ್ಲಿ ನನ್ನ ಕೆಲಸ. ನಾವು ಉಣ್ಣುವ ಹಿಟ್ಟಿಗಾಗಿ ಪಾಚಿಯನ್ನು ಹರವಿ ಒಣಗಿಸುವ ಜಾಗ ಅದು. ಊರು ಎಂಬ ಮಾತು ಈಗ ನಮ್ಮ ಬಾಯಲ್ಲಿ ಉಳಿದಿಲ್ಲ, ಸೂರು ಎನ್ನುತ್ತೇವೆ. ಹೊರಗಿನ ಬಿಸಿಲಿಗೆ ಚರ್ಮ ಸುಲಿದು ಬರುವುದರಿಂದ ಇಡೀ ಕಂಪ್ಲಿ ಒಂದೇ ದೊಡ್ಡ ಸೂರಿನ ಅಡಿ ಸೇರಿಕೊಂಡಿದೆ. ಆ ಸೂರಿನ ತುಂಬ ದೀಪಗಳಿವೆ, ಅವು ಆರುವುದಿಲ್ಲ. ದೀಪ ಆರಿದರೆ ಪಾಚಿ ಬೆಳೆಯುವುದಿಲ್ಲ, ಪಾಚಿ ಇಲ್ಲದಿದ್ದರೆ ಊಟವಿಲ್ಲ. ಹೀಗಾಗಿ ಜನರನ್ನು ಮೂರು ಪಾಳಿಗಳಾಗಿ ಹಂಚಿದ್ದಾರೆ. ಮೊದಲ ಪಾಳಿಯವರು ಕಣಕ್ಕೆ ಹೋದಾಗ ನಡುಪಾಳಿಯವರು ಅಡಿಗೆ ಮಾಡುತ್ತಿರುತ್ತಾರೆ, ಕಡೆಪಾಳಿಯವರು ಮಲಗಿರುತ್ತಾರೆ. ಮಲಗುವುದೆಂದರೆ ಕಣ್ಣಿಗೆ ದಪ್ಪನೆಯ ಪಟ್ಟಿ ಬಿಗಿದುಕೊಂಡು, ಒರಗುಗುಳಿಗೆ ನುಂಗಿ, ಗೋಡೆ ಕಡೆ ಹೊರಳುವುದು. ಒರಗುಗುಳಿಗೆ ನಿದ್ದೆ ಬರಿಸುವುದಿಲ್ಲ, ಎಚ್ಚರವನ್ನು ಒಂದಿಷ್ಟು ಹೊತ್ತು ತಡೆದಿಡುತ್ತದೆ ಅಷ್ಟೇ. ನಾವು ಅದಕ್ಕೆ ಒಗ್ಗಿಕೊಂಡಿದ್ದೇವೆ. ಒಗ್ಗದೆ ಹೋದದ್ದು ಆಮೆಗಳು.

ನಿಮ್ಮ ಕಾಲದಲ್ಲಿ ಮನೆಗೆ ಅದೃಷ್ಟ ಬರುತ್ತದೆಂದು ನಾಣ್ಯದಷ್ಟು ಸಣ್ಣ ಮರಿಗಳನ್ನು ಅಂಗಡಿಯಿಂದ ತರುತ್ತಿದ್ದಿರಂತೆ. ಕಣ್ಣಿನ ಹಿಂದೆ ಕೆಂಪು ಗೆರೆ ಇರುವ ಆಮೆಗಳು. ಅವುಗಳ ಸಂತತಿಯೇ ಕೈಯಿಂದ ಕೈಗೆ ದಾಟಿ ನಮ್ಮ ಸೂರಿನ ಕೆಲವೇ ಮನೆಗಳಲ್ಲಿ ಉಳಿದಿತ್ತು. ನನ್ನ ಅತ್ತೆ ಹುಲಿಗೆವ್ವನ ಬಳಿ ಅಂಥ ಒಂದು ಹೆಣ್ಣಾಮೆ ಇತ್ತು. ಊಟದ ತಟ್ಟೆಯಷ್ಟು ಅಗಲ ಬೆಳೆದಿದ್ದರೂ ಅತ್ತೆ ಅದನ್ನು ಸಣ್ಣಿ ಎಂದೇ ಕರೆಯುತ್ತಿದ್ದಳು.

ನಾನು ಮದುವೆಯಾಗಿ ಬಂದ ಹೊಸತರಲ್ಲಿ ಅತ್ತೆ ಸಣ್ಣಿಯನ್ನು ಮಲಗಿಸುವ ರೀತಿ ಕಂಡು ಒಳಗೊಳಗೇ ನಕ್ಕಿದ್ದೆ. ಮನೆಯಲ್ಲಿ ಇದ್ದದ್ದೊಂದೇ ಗೋಡೆಗೂಡು. ಅದರಲ್ಲಿ ಬಟ್ಟೆಬರೆ ಇಡದೆ ಆಮೆಯ ತೊಟ್ಟಿ ಇಟ್ಟಿದ್ದಳು. ತೊಟ್ಟಿಯ ಒಂದು ಮೂಲೆಯಲ್ಲಿ ಚಪ್ಪಟೆ ಕಲ್ಲು, ಅದರ ಮೇಲೆ ಬಿಸಿದೀಪ. ಸಣ್ಣಿ ಹಗಲೆಲ್ಲ ಕಲ್ಲಿನ ಮೇಲೆ ಕಾಲು ಚಾಚಿ ಮೈ ಕಾಯಿಸಿಕೊಳ್ಳುತ್ತಿತ್ತು. ಹಗಲೆಂದರೆ ಅತ್ತೆ ಹೇಳಿದ ಹಗಲು. ಆಮೇಲೆ ಆಕೆ ದೀಪ ತೆಗೆದು, ಉಂಡು ಬಿಟ್ಟ ಚೂರುಗಳನ್ನು ಸೋಸಿ, ನೀರು ಬದಲಾಯಿಸುತ್ತಿದ್ದಳು. ಮಲಗುವ ಮೂಲೆಯಲ್ಲಿ ನೀರು ಆಳವಿರಬಾರದು, ತಳದಲ್ಲಿ ಮಲಗಿದ ಜೀವ ಕತ್ತು ನೀಡಿದರೆ ಮೂಗು ಮೇಲೆ ಬರಬೇಕು ಎನ್ನುತ್ತಿದ್ದಳು. ಅಲ್ಲಿ ಒಡೆದ ಮಡಕೆಯ ಅರ್ಧ ಭಾಗ ಬೋರಲು ಹಾಕಿತ್ತು. ಸಣ್ಣಿ ಅದರೊಳಗೆ ನುಸುಳಿದ ಮೇಲೆ ಅತ್ತೆ ಗೋಡೆಗೂಡಿನ ಬಾಯಿಗೆ ಕಂಬಳಿಯ ಮೇಲೆ ಕಂಬಳಿ ಇಳಿಬಿಟ್ಟು, ಸೂರಿನ ಬೆಳಕು ಒಂದು ಎಳೆಯೂ ಒಳಗೆ ಹೋಗದಂತೆ ಅಂಚುಗಳನ್ನು ಕೈಯಿಂದ ತೀಡುತ್ತಿದ್ದಳು. ನಾವು ಆ ಗೋಡೆಯ ಕಡೆ ಪಾತ್ರೆ ಬಡಿಯುವಂತಿರಲಿಲ್ಲ.

“ನೀರಾಗಿನ ಜೀವ, ಅದಕ್ಕೇನ್ ತಿಳೀತೈತಿ ಅತ್ತೀ?” ಎಂದು ಒಮ್ಮೆ ಕೇಳಿದ್ದೆ.

“ತಿಳೀದಿದ್ರ ಕತ್ಲಾಗಿಂದ ಎದ್ದು ಬಂದಾಗ ಹಂಗ ಕಣ್ಣು ಅರಳಸ್ತಿತ್ತೇನ? ಒಂದಿನ ನೀನ ನೋಡು” ಎಂದಳು.

ನೋಡಿದೆ. ನಿಜವಾಗಿಯೂ ಅದು ನಿದ್ದೆ ಮಾಡಿ ಎದ್ದ ಮುಖ. ನಾನು ಹುಟ್ಟಿದಾಗಿನಿಂದ ಅಂಥ ಮುಖ ಯಾರಲ್ಲೂ ಕಂಡಿರಲಿಲ್ಲ.

ನನ್ನ ಗಂಡ ಹೊನ್ನೂರಸ್ವಾಮಿ ಸೂರಿನ ದೀಪಗಳನ್ನು ನೋಡಿಕೊಳ್ಳುವವನು. ಅವನ ಮೇಲಧಿಕಾರಿ ಉಮಾಪತಿ ಎಂಬಾತ ಒಮ್ಮೆ ನಮ್ಮ ಮನೆಗೆ ಬಂದ. ಸೂರುಮಂಡಳಿ, ಅಂದರೆ ನಮ್ಮನ್ನು ಆಳುವವರು, ಜನರ ಬೇಸರ ಕಳೆಯಲು ಜೀವದಂಗಳ ಎಂಬ ಗಾಜಿನ ಮನೆ ಕಟ್ಟಿಸಿದ್ದರು. ಅಲ್ಲಿ ಇಡಲು ಜೀವವೇ ಇರಲಿಲ್ಲ. ಸಣ್ಣಿಯನ್ನು ಕೊಟ್ಟರೆ ನಮಗೆ ಸೂರಿನ ಉತ್ತರದ ಗೋಡೆಬದಿಯಲ್ಲಿ ಮನೆ ಕೊಡಿಸುವುದಾಗಿ ಆತ ಹೇಳಿದ. ಗೋಡೆಬದಿಯೆಂದರೆ ತಂಪು. ಅತ್ತೆಗೆ ಆಗಲೇ ಉಬ್ಬಸವಿತ್ತು. ಗಂಡ ಒಪ್ಪಿದ. ತಾಯಿಗಾಗಿಯೇ ಒಪ್ಪಿದ ಎಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ಹಾಗಿದ್ದರೂ ತಾಯಿಯನ್ನು ಕೇಳದೆ ಒಪ್ಪಿದ.

“ಅವ್ವಾ, ನಮಗಿಂತ ಚೆಂದ ನೋಡ್ಕೊಂತಾರ. ದೊಡ್ಡ ತೊಟ್ಟಿ, ಸೋಸಿದ ನೀರು, ಹೊತ್ತಹೊತ್ತಿಗೆ ಊಟ” ಎಂದ.

“ಅದೆಲ್ಲಾ ಇರ್ಲಿ. ಮಕ್ಕೊಳ್ಳಾಕ ಏನ್ ಮಾಡ್ಯಾರ?”

ಅವನು ಕೇಳಿ ಹೇಳುತ್ತೇನೆಂದು ಹೋದ. ಮಂಡಳಿಯವರು ಬಂದು ಸಣ್ಣಿಯನ್ನು ಒಯ್ದರು.

ಜೀವದಂಗಳದ ತೊಟ್ಟಿ ನಮ್ಮ ಮನೆಗಿಂತ ದೊಡ್ಡದಿತ್ತು. ನಾಲ್ಕೂ ಕಡೆ ಗಾಜು, ಅಡಿಯಿಂದಲೂ ಬೆಳಕು. ಅಡಗಲು ಒಂದು ಕಲ್ಲೂ ಇರಲಿಲ್ಲ, ಏಕೆಂದರೆ ಅಡಗಿದರೆ ನೋಡಲು ಬಂದವರಿಗೆ ಏನೂ ಕಾಣುವುದಿಲ್ಲ. ಮೂರೂ ಪಾಳಿಯ ಜನ ಬಂದು ಮುತ್ತಿಕೊಂಡರು. ಸಣ್ಣಿ ಗಾಜಿಗೆ ಮೂತಿ ಒತ್ತಿ, ಮುಂಗಾಲುಗಳಿಂದ ಪರಪರ ಕೆರೆಯುತ್ತ, ಒಂದು ಮೂಲೆಯಿಂದ ಇನ್ನೊಂದು ಮೂಲೆಗೆ ಬಿಡುವಿಲ್ಲದೆ ಈಜುತ್ತಿತ್ತು. ಜನ ಅದನ್ನು ಕುಣಿತ ಎಂದರು. ಮಕ್ಕಳು ಅದರ ಎದುರು ನಿಂತು ಹಾಗೆಯೇ ಕೈ ಆಡಿಸುತ್ತಿದ್ದರು. ಅತ್ತೆ ನೋಡುತ್ತ ನಿಂತಳು, ಆಮೇಲೆ ತಾನು ಹೊದ್ದಿದ್ದ ಶಾಲು ತೆಗೆದು ಗಾಜಿನ ಮೇಲೆ ಹರವಿದಳು. ಕಾವಲಿನವನು ಅದನ್ನು ಎಳೆದು ಮಡಿಚಿ ಆಕೆಯ ಕೈಗೆ ಕೊಟ್ಟ. ಮರುದಿನವೂ ಹರವಿದಳು. ಅದರ ಮರುದಿನವೂ. ಕಡೆಗೆ ಆಕೆಯನ್ನು ಬಾಗಿಲಲ್ಲೇ ತಡೆಯಲು ಅಪ್ಪಣೆಯಾಯಿತು.

ನಾನು ಅಂಗಳದ ಪ್ರಾಣಿವೈದ್ಯೆ ಡಾಕ್ಟರ್ ಜೈಬುನ್ನಿಸಾ ಅವರ ಬಳಿ ಹೋದೆ. ಆಮೆಗೂ ನಿದ್ದೆ ಬೇಕೆಂದು ವಿವರಿಸತೊಡಗಿದೆ. ಆಕೆ ನಡುವೆಯೇ ತಡೆದರು.

“ನನಗ ಹೇಳ್ಬ್ಯಾಡವ್ವಾ, ನಾ ಇದನ್ನ ಓದಿ ಬಂದಾಕಿ. ಹಗಲೊಂದು ಇರುಳೊಂದು ಸಿಗಲಿಲ್ಲಂದ್ರ ಅದು ಉಣ್ಣೂದು ಬಿಡತೈತಿ, ಕಣ್ಣು ಬೀಗತಾವ, ಆಮ್ಯಾಲ ಹೋಗತೈತಿ. ಮಂಡಳಿಗೆ ಬರದು ಕೊಟ್ಟೀನಿ.”

“ಮತ್ತ ದೀಪ ಆರಸಾಕ ಏನ್ ಅಡ್ಡಿ?”

“ಆರಿಸಿದ್ರ ಜನ ಬರೂದಿಲ್ಲ. ಜನ ಬರಲಿಲ್ಲಂದ್ರ ಅಂಗಳ ಯಾಕ, ನಾ ಯಾಕ?” ಎಂದು ಆಕೆ ಮುಖ ತಿರುಗಿಸಿದರು.

ಇದನ್ನು ಒತ್ತಿ ಹೇಳುತ್ತೇನೆ, ಹಿರಿಯರೇ. ನಮ್ಮಲ್ಲಿ ತಿಳಿಯದವರು ಯಾರೂ ಇರಲಿಲ್ಲ.

ಅತ್ತೆಯ ಶಾಲಿನ ಸುದ್ದಿ ಹರಡಿ, ಮಂಡಳಿಯವರು ಮೂರೂ ಪಾಳಿಯ ಸಭೆ ಕರೆಯಬೇಕಾಯಿತು. ನಾನು ಅಷ್ಟು ಜನರನ್ನು ಒಟ್ಟಿಗೆ ಎಚ್ಚರವಾಗಿ ಕಂಡದ್ದು ಅದೇ ಮೊದಲು. ಆಮೆ ಮಲಗಬೇಕು ಎಂಬ ಮಾತಿಗೆ ಎಲ್ಲರೂ ಕೈ ಎತ್ತಿದರು. ನನ್ನ ಕಣ್ಣಲ್ಲಿ ನೀರು ಬಂತು. ಯಾವ ಪಾಳಿಯಲ್ಲಿ ದೀಪ ಆರಿಸುವುದು ಎಂದು ಉಮಾಪತಿ ಕೇಳಿದ ಮೇಲೆ ಆ ನೀರು ಕಣ್ಣಲ್ಲೇ ಒಣಗಿತು.

ಮೊದಲ ಪಾಳಿಯ ಒಬ್ಬ ಹೆಂಗಸು ಎದ್ದಳು. “ಪಾಪ, ಮಲಗ್ಲಿ ಬಿಡ್ರಿ, ಯಾರ್ ಬ್ಯಾಡಂದ್ರು? ನಮ್ಮ ಪಾಳ್ಯಾಗ ಬ್ಯಾಡ. ನಮ್ಮ ಮಕ್ಳು ಸಾಲಿ ಬಿಟ್ಟು ಬರೂದ ಅವಾಗ.”

“ನಮ್ಮ ಪಾಳ್ಯಾಗೂ ಬ್ಯಾಡ. ನಾವೇನ್ ಕಡಿಮಿ ಜನಾನ?” ಎಂದು ಕಡೆಪಾಳಿಯವರು ಕೂಗಿದರು. ನನ್ನದೇ ನಡುಪಾಳಿಯವರು ಅವರಿಗಿಂತ ಜೋರಾಗಿ ಕೂಗಿದರು.

ಆಗ ಉಮಾಪತಿ ನ್ಯಾಯ ಹೇಳಿದ. ಪ್ರತಿ ಪಾಳಿಯಲ್ಲೂ ಸ್ವಲ್ಪ ಸ್ವಲ್ಪ ಹೊತ್ತು ಆರಿಸೋಣ, ಯಾರಿಗೂ ನಷ್ಟವಿಲ್ಲ.

ಬಾಗಿಲ ಬಳಿ ನಿಂತಿದ್ದ ಅತ್ತೆ ಉಬ್ಬಸದ ನಡುವೆ, “ನಿದ್ದಿ ಅಂದ್ರ ರೊಟ್ಟಿ ಅಲ್ಲಪಾ, ಮುರಿದು ಮುರಿದು ಹಂಚಾಕ” ಎಂದಳು. ಹತ್ತಿರದಲ್ಲಿದ್ದವರು ಮೆಚ್ಚಿ ನಕ್ಕರು. ಆಮೇಲೆ ಉಮಾಪತಿಯ ಮಾತಿಗೇ ಕೈ ಎತ್ತಿದರು. ನನ್ನ ಗಂಡನೂ ಎತ್ತಿದ.

ಅಲ್ಲಿಂದಾಚೆಗೆ ಸಣ್ಣಿಯ ಮೇಲೆ ಕತ್ತಲು ಹೊಡೆತದಂತೆ ಬೀಳತೊಡಗಿತು. ದೀಪ ಫಕ್ಕನೆ ಆರುವುದು, ಅದು ತಳಕ್ಕಿಳಿದು ಕತ್ತು ಒಳಗೆ ಎಳೆದುಕೊಳ್ಳುವಷ್ಟರಲ್ಲಿ ಫಕ್ಕನೆ ಹೊತ್ತುವುದು. ಪ್ರತಿ ಸಲವೂ ಅದು ಬೆಚ್ಚಿ ಗಾಜಿಗೆ ಡಿಕ್ಕಿ ಹೊಡೆಯುತ್ತಿತ್ತು. ಜನ ಆ ಕ್ಷಣಕ್ಕಾಗಿಯೇ ಕಾದು ನಿಲ್ಲುತ್ತಿದ್ದರು. ವೈದ್ಯೆ ಹೇಳಿದ್ದಂತೆಯೇ ಮೊದಲು ಊಟ ಬಿಟ್ಟಿತು, ಆಮೇಲೆ ರೆಪ್ಪೆಗಳು ಬೀಗಿ ಕಣ್ಣು ಮುಚ್ಚಿಕೊಂಡವು. ಮುಚ್ಚಿದ ಕಣ್ಣು ನೋಡಲು ಬರುವವರು ಕಡಿಮೆಯಾದರು. ಹಾಗೆ ಕಡಿಮೆಯಾದ ಮೇಲೆ ಸಣ್ಣಿಯನ್ನು ಒಂದು ಬೋಗುಣಿಯಲ್ಲಿ ಹಾಕಿ ನಮ್ಮ ಮನೆಗೆ ಕಳಿಸಿಕೊಟ್ಟರು.

ನಾವು ಆಗ ಉತ್ತರದ ಗೋಡೆಬದಿಯಲ್ಲಿದ್ದೆವು. ಅತ್ತೆ ಅಲ್ಲಿಯ ತಂಪು ಕೋಣೆಯಲ್ಲಿ ಒಂದು ದಿನವೂ ಮಲಗಿರಲಿಲ್ಲ, ಹೊಸ್ತಿಲಾಚೆ ಓಣಿಯಲ್ಲೇ ಮಲಗುತ್ತಿದ್ದಳು. ಈಗ ಆ ಕೋಣೆಯ ತುಂಬ ಕಂಬಳಿ ಕಟ್ಟಿ, ಒಳಗೆ ಬೆಳಕು ಸುಳಿಯದಂತೆ ಮಾಡಿ, ಸಣ್ಣಿಯ ಕಣ್ಣನ್ನು ಬೆಚ್ಚನೆಯ ನೀರಿನಿಂದ ಒರೆಸಿ ಹಳೆಯ ತೊಟ್ಟಿಯೊಳಗೆ ಬಿಟ್ಟಳು. ನಾವಿಬ್ಬರೂ ಹೊರಗೆ ಕುಳಿತು ಕಿವಿಗೊಟ್ಟೆವು. ಒಳಗಿನಿಂದ ಪರಪರ ಎಂಬ ಸದ್ದು ನಿಲ್ಲಲೇ ಇಲ್ಲ. ಕತ್ತಲಿತ್ತು, ಆಳವಿಲ್ಲದ ನೀರಿತ್ತು, ನುಸುಳಲು ಮಡಕೆಯಿತ್ತು. ಆದರೆ ಮಲಗುವುದು ಹೇಗೆಂಬುದು ಅದಕ್ಕೆ ಮರೆತುಹೋಗಿತ್ತು. ಆ ಸದ್ದು ನಿಂತಾಗ ಅತ್ತೆ ಕಂಬಳಿ ಸರಿಸಲು ಎದ್ದವಳು ಅಲ್ಲೇ ಕುಳಿತುಬಿಟ್ಟಳು. ನಾನೇ ಒಳಗೆ ಹೋಗಿ ನೋಡಿದೆ.

ಅತ್ತೆ ಅಂದಿನಿಂದ ಮಗನೊಡನೆ ಮಾತಾಡಿಲ್ಲ. ಅವನು ಕೆಲಸದಿಂದ ಬಂದು, “ಅವ್ವಾ, ಉಂಡೇನ?” ಎಂದು ಕೇಳುತ್ತಾನೆ. ಆಕೆ ನನ್ನ ಕಡೆ ನೋಡಿ, “ಉಂಡೀನಂತ ಹೇಳು” ಎನ್ನುತ್ತಾಳೆ. ನಾನು ಹೇಳುತ್ತೇನೆ. ನಮ್ಮ ಮನೆಯಲ್ಲಿ ಈಗ ಇಷ್ಟೇ ಮಾತು. ಜೀವದಂಗಳದ ತೊಟ್ಟಿ ಹೆಚ್ಚು ದಿನ ಖಾಲಿ ಇರಲಿಲ್ಲ. ಇನ್ನೊಂದು ಆಮೆ ಬೇಕೆಂದು ಮಂಡಳಿಯವರು ಸಾರಿದಾಗ ಆಮೆ ಉಳಿದಿದ್ದ ಮನೆಗಳವರೆಲ್ಲ ಕೊಡಲು ಸಾಲು ನಿಂತಿದ್ದರು. ಸಭೆಯಲ್ಲಿ ಅತ್ತೆಯ ಪಕ್ಕದಲ್ಲೇ ನಿಂತು ಕಣ್ಣೊರೆಸಿಕೊಂಡಿದ್ದವಳೊಬ್ಬಳನ್ನು ನಾನು ಆ ಸಾಲಿನಲ್ಲಿ ಕಂಡೆ.

ಇದನ್ನೆಲ್ಲ ನಿಮಗೇಕೆ ಬರೆಯುತ್ತಿದ್ದೇನೆ? ಈ ಚಾಳಿ ನಿಮ್ಮಿಂದ ಬಂದದ್ದು. ಷೋಕೇಸಿನ ಮೇಲೆ ಗಾಜಿನ ಬಟ್ಟಲಿಟ್ಟು, ಅದರ ಮೇಲೆ ಬಣ್ಣದ ದೀಪ ಹಚ್ಚಿ, ಟೀವಿಯ ಗದ್ದಲದ ಪಕ್ಕದಲ್ಲೇ ಒಂದು ಜೀವವನ್ನು ಇಟ್ಟುಕೊಂಡವರು ನೀವು. ಬಂದವರಿಗೆ ತೋರಿಸಲು ಮಲಗಿದ್ದ ಆಮೆಯನ್ನು ಗಾಜು ಬಡಿದು ಎಬ್ಬಿಸಿದವರು ನೀವು. ನಾವು ಮಾಡಿದ್ದು ಬಟ್ಟಲನ್ನು ದೊಡ್ಡದು ಮಾಡಿದ್ದಷ್ಟೇ.

ನಿಮ್ಮನ್ನು ಕ್ಷಮಿಸಿದ್ದೇನೆಂದು ಬರೆದು ಕಾಗದ ಮುಗಿಸಬಹುದಿತ್ತು. ಬರೆಯಲಾರೆ. ಒಂದು ಕೋರಿಕೆ ಮಾತ್ರ ಇದೆ. ಇದನ್ನು ಓದಿದ ಮೇಲೆ ಎದ್ದುಹೋಗಿ ಆ ದೀಪ ಆರಿಸಿ. ಬಟ್ಟಲನ್ನು ಸದ್ದಿಲ್ಲದ ಕಡೆಗೆ ಒಯ್ಯಿರಿ, ಮರೆಯಾಗಲು ಏನಾದರೂ ಇಡಿ, ಬೆಳಗಾಗುವವರೆಗೆ ಮುಟ್ಟಬೇಡಿ. ನೀವು ಯಾವ ಕಂಬಳಿಯನ್ನೂ ಕಟ್ಟಬೇಕಾಗಿಲ್ಲ, ಯಾವ ಸಭೆಯನ್ನೂ ಕರೆಯಬೇಕಾಗಿಲ್ಲ. ನಿಮ್ಮಲ್ಲಿ ಕತ್ತಲು ಯಾರ ಅಪ್ಪಣೆಯನ್ನೂ ಕೇಳದೆ ತಾನಾಗಿ ಬರುತ್ತದೆಯಂತೆ. ಬರಲಿ ಬಿಡಿ.

ಇಂತಿ,
ಪಂಪಾವತಿ