ಉಪ್ಪಿನ ದೃಶ್ಯ

ಅಪ್ಪನಿಗೆ,

ಈ ಕಾಗದವನ್ನು ನಿಮ್ಮ ಹೊಲಿಗೆ ಯಂತ್ರದ ಮೇಲೆ ಇಟ್ಟು ಹೋಗುತ್ತಿದ್ದೇನೆ. ಗೆಳೆಯರ ಪ್ರಯೋಗದ ಸಿನಿಮಾಕ್ಕೆ ಬರೆಯಲೆಂದು ನಾನು ಬ್ಯಾಂಕಿನ ಕೆಲಸ ಬಿಟ್ಟೆ, ನೀವು ನನ್ನ ಜೊತೆ ಮಾತು ಬಿಟ್ಟಿರಿ.

ಮೊನ್ನೆ ಚಿಕ್ಕಪ್ಪನ ಹತ್ತಿರ ನೀವು ಹೇಳಿದ್ದು ಅಡುಗೆಮನೆಗೂ ಕೇಳಿಸಿತು. "ಇಡೀ ಸಿನಿಮಾದಲ್ಲಿ ಒಬ್ರೂ ಬಾಯಿ ಬಿಡಲ್ವಂತೆ. ಹಾಗಾದ್ರೆ ಇವಳು ಬರೆಯೋದಾದ್ರೂ ಏನನ್ನ?"

ಇದನ್ನು ಬರೆಯುತ್ತೇನೆ: ಒಬ್ಬ ಅಪ್ಪನೂ ಮಗಳೂ ಊಟಕ್ಕೆ ಕೂತಿದ್ದಾರೆ. ಉಪ್ಪು ಸಾಲದು. ಅಪ್ಪ ಮಗಳನ್ನು ಕೇಳುವುದಿಲ್ಲ, ತಾನೇ ಎದ್ದು ಹೋಗಿ ತರುತ್ತಾನೆ. ಇಷ್ಟಕ್ಕೆ ಎಷ್ಟು ಹಾಳೆ ಹರಿದೆನೋ ಲೆಕ್ಕವಿಲ್ಲ. ಒಳ್ಳೆಯ ದರ್ಜಿಯ ಹೊಲಿಗೆ ಕಣ್ಣಿಗೆ ಬೀಳಬಾರದು ಅಂತ ಹೇಳಿಕೊಟ್ಟವರು ನೀವೇ.

ಭಾನುವಾರ ನಮ್ಮ ಮನೆಯಲ್ಲೇ ಶೂಟಿಂಗ್. ಅಮ್ಮ ಒಪ್ಪಿದ್ದಾಳೆ. ನಿಮ್ಮ ಕುರ್ಚಿಯನ್ನು ಯಾರೂ ಸರಿಸುವುದಿಲ್ಲ. ನಿಮ್ಮ ಹಳೆಯ ನೀಲಿ ಅಂಗಿ ಮಾತ್ರ ಬೇಕು, ಬಾಗಿಲ ಹಿಂದಿನ ಮೊಳೆಗೆ ನೇತುಹಾಕಿಡಿ.

ಅಪ್ಪನ ಪಾತ್ರ ಮಾಡುವವರು ಕೇಳುತ್ತಿದ್ದಾರೆ, "ಉಪ್ಪು ತಂದ್ಮೇಲೆ ಅವರು ಮಗಳ ತಟ್ಟೆಗೂ ಹಾಕ್ತಾರಾ?" ಹಾಕುವುದಿಲ್ಲ ಅಂತ ಬರೆದಿದ್ದೇನೆ. ತಪ್ಪಿದ್ದರೆ ಭಾನುವಾರ ಬಂದು ಬಾಯಿಬಿಟ್ಟು ಹೇಳಿ. ಇಲ್ಲವಾದರೆ ಹಾಗೇ ತೆಗೆಯುತ್ತೇವೆ.

ಇಂತಿ,
ಹಟದಲ್ಲಿ ನಿಮ್ಮನ್ನೇ ಹೋಲುವ ಮಗಳು